ಹಗ್ಗದ ಲಾಳಿ ನಮ್ಮ ಮನೆಗೆ ಬಂದ ಕಾಲ

ನಾನು ನಾಗಲಮಡಿಕೆ ಕಡೆಯವಳು. ಮದುವೆಯಾಗಿ ಬುಕ್ಕಾಪಟ್ಟಣದ ಹತ್ತಿರದ ಹಟ್ಟಿಗೆ ಬಂದಾಗ ನನ್ನ ಬಾಯಲ್ಲಿ ಅರ್ಧ ಕನ್ನಡ, ಅರ್ಧ ತೆಲುಗು. ಬಂದ ಹೊಸದರಲ್ಲಿ ಬಿಂದಿಗೆ ಎತ್ತಿಕೊಂಡು ನೀರು ಅನ್ನುವ ಬದಲು “ನೀಳ್ಳು ತತ್ತೀನಿ” ಅಂದದ್ದಕ್ಕೆ ಅತ್ತೆ ಬೀದಿಗೆಲ್ಲ ಕೇಳುವಂತೆ ನಕ್ಕಿದ್ದರು. ನನಗೆ ಅಳು ಬಂದಿತ್ತು. ಈಗ ಆ ನಗು ಇನ್ನೊಂದು ಸಲ ಕಿವಿಗೆ ಬಿದ್ದರೆ ಸಾಕು ಅನ್ನಿಸುತ್ತದೆ.

ನಮ್ಮದು ಕುರಿ ಸಾಕಿ ಕಂಬಳಿ ನೇಯುವ ಮನೆ. ಹೆಂಗಸರು ಉಣ್ಣೆ ಹಿಂಜಿ ನೂಲು ತೆಗೆಯಬೇಕು, ಗಂಡಸರು ಮಗ್ಗದ ಗುಂಡಿಯಲ್ಲಿ ಕೂತು ನೇಯಬೇಕು. ಹೆಂಗಸು ಗುಂಡಿಗೆ ಕಾಲಿಟ್ಟರೆ ಮಂದೆಗೆ ಕೇಡು ಅಂತ ಹಟ್ಟಿಯಲ್ಲಿ ನಂಬಿಕೆ. ಅತ್ತೆಯ ಕೈಯಲ್ಲಿ ನೂಲು ಒಂದೇ ಸಮ ಇಳಿಯುತ್ತಿತ್ತು. ಆ ನೂಲಿನಲ್ಲಿ ನನ್ನ ಯಜಮಾನರು ನೇಯ್ದ ಕರಿಕಂಬಳಿಗೆ ಸಿರಾ ಸಂತೆಯಲ್ಲಿ ಕಾದು ಕೂತು ಕೊಳ್ಳುವವರಿದ್ದರು. ನನ್ನ ನೂಲೋ, ಒಂದು ಕಡೆ ಹೆಬ್ಬೆರಳು ದಪ್ಪ, ಇನ್ನೊಂದು ಕಡೆ ಕೂದಲೆಳೆ. “ಹಾವು ಇಲಿ ನುಂಗ್ದಂಗೈತೆ ಕಣಮ್ಮ ನಿನ್ನ ನೂಲು” ಅಂತ ಅತ್ತೆ ಅದನ್ನು ಕುರಿಗಳಿಗೆ ಹಗ್ಗ ಹೊಸೆಯಲು ಎತ್ತಿಡುತ್ತಿದ್ದರು.

ಒಂದು ಬೇಸಿಗೆಯಲ್ಲಿ ಯಜಮಾನರು ಕುರಿಗೆ ಸೊಪ್ಪು ಕಡಿಯಲು ಬಾಗೇಮರ ಹತ್ತಿ, ಕೊಂಬೆ ಮುರಿದು ಬಿದ್ದರು. ಮೊಣಕೈ ಮುರಿಯಿತು. ನಾಟಿ ವೈದ್ಯರು ಬಿದಿರ ದಬ್ಬೆ ಕಟ್ಟಿದರು, ಮೂಳೆ ಕೂಡಿತು, ಆದರೆ ಸೊಟ್ಟಗೆ ಕೂಡಿತು. ಕೈ ಪೂರ್ತಿ ಚಾಚಲು ಬರಲಿಲ್ಲ. ಕಂಬಳಿಯ ಅಗಲಕ್ಕೆ ಈ ಕೈಯಿಂದ ಆ ಕೈಗೆ ಲಾಳಿ ಎಸೆಯಬೇಕಾದವರು ಮಗ್ಗ ಬಿಟ್ಟೆದ್ದು ಕುರಿ ಹೊಡೆದುಕೊಂಡು ಹೋದರು. ಅಂದಿನಿಂದ ಗುಂಡಿಯಲ್ಲಿ ಕೋಳಿ ಮೊಟ್ಟೆ ಇಡತೊಡಗಿತು.

ಆ ಕಾಲಕ್ಕೆ ಮಹಾರಾಜರ ಸರ್ಕಾರ ಹಳ್ಳಿ ಕಸುಬುಗಳನ್ನು ಸುಧಾರಿಸಬೇಕು ಅಂತ ಹೊರಟಿತ್ತು. ಒಂದು ದಿನ ನಮ್ಮ ಚಾವಡಿ ಮುಂದೆ ಎತ್ತಿನ ಗಾಡಿಯೊಂದು ಬಂದು ನಿಂತಿತು. ಅದರಿಂದ ಇಳಿದವರು ಕೋಟು ತೊಟ್ಟ, ಪಂಚೆ ಉಟ್ಟ ಒಬ್ಬ ಮೇಷ್ಟ್ರು. ಕೈಗಾರಿಕೆ ಇಲಾಖೆಯವರು ಊರೂರಿಗೆ ಹೊಸ ಮಗ್ಗ ತೋರಿಸಲು ಕಳಿಸಿದವರು. ಗಾಡಿಯಿಂದ ಚೌಕಟ್ಟು ಇಳಿಸಿ ಜೋಡಿಸಿ, ಮೇಲಿಂದ ಇಳಿಬಿದ್ದ ಹಗ್ಗವನ್ನು ಒಮ್ಮೆ ಜಗ್ಗಿದರು. ಲಾಳಿ ತಾನಾಗಿ ಈ ತುದಿಯಿಂದ ಆ ತುದಿಗೆ ಓಡಿತು. ನೆರೆದವರೆಲ್ಲ ಒಂದು ಹೆಜ್ಜೆ ಹಿಂದಕ್ಕೆ ಸರಿದರು.

“ಒಂದು ಕೈಯಲ್ಲಿ ಹಗ್ಗ, ಇನ್ನೊಂದು ಕೈಯಲ್ಲಿ ಹಲಗೆ. ಅಷ್ಟೇ. ಯಾರಾದರೂ ಬಂದು ಕೂರಿ” ಅಂದರು ಮೇಷ್ಟ್ರು.

ಯಾರೂ ಕದಲಲಿಲ್ಲ. “ಮೊದ್ಲು ಮಗ್ಗ ಕೊಡ್ತಾರೆ, ಆಮೇಕೆ ಮಗ್ಗಕ್ಕೊಂದು ಕಂದಾಯ ಹಾಕ್ತಾರೆ ಕಣ್ಲಾ” ಅಂದರು ಒಬ್ಬ ಹಿರಿಯರು. ಯಜಮಾನರು ಮಾತ್ರ ಮುಂದೆ ಹೋಗಿ ಕೂತರು. ಹಗ್ಗ ಜಗ್ಗಲು ಬಂತು. ಆದರೆ ಅಡ್ಡ ಎಳೆಯ ಹೊಕ್ಕನ್ನು ಬಡಿದು ಕೂರಿಸುವ ಹಲಗೆ ಎಳೆಯಲು ಸೊಟ್ಟಗೈಗೆ ಕಸುವು ಸಾಲಲಿಲ್ಲ. ಎದ್ದು ಬಂದರು. ಸಂಜೆ ಕುರಿ ದೊಡ್ಡಿಯ ಹತ್ತಿರ ನನ್ನನ್ನು ಕರೆದು, “ಲೇ, ನೀನ್ ಕೂತ್ಕೊ. ಹೇಳಿಕೊಡೋಕೆ ನಾನಿವ್ನಿ” ಅಂದರು.

“ನಿಮ್ಮವ್ವ?”

“ಅವ್ವ ಬೈತಾಳೆ. ಬೈಸ್ಕೊಳಾಣ ಬುಡು.”

ಮೇಷ್ಟ್ರು ಹೊಸ ಹಲಗೆ, ಲಾಳಿ, ಹಗ್ಗಗಳನ್ನು ನಮ್ಮ ಹಳೆಯ ಮಗ್ಗಕ್ಕೇ ಜೋಡಿಸಿ, ನೋಡಿ ಕಲಿಯಿರಿ ಅಂತ ಬಿಟ್ಟು ಹೋದರು. ನಾನು ಕೋಳಿಯನ್ನು ಓಡಿಸಿ, ಗುಂಡಿ ಗುಡಿಸಿ, ಮನೆದೇವರಿಗೆ ಕೈಮುಗಿದು ಇಳಿದೆ. ಅತ್ತೆ ಬಾಗಿಲಲ್ಲಿ ನಿಂತು ನೋಡಿದರು. ಬೈಯಲೇ ಇಲ್ಲ. ತಮ್ಮ ಕದಿರು, ನೂಲಿನ ಉಂಡೆಗಳನ್ನೆಲ್ಲ ಮಂಕರಿಗೆ ತುಂಬಿಕೊಂಡು ಪಕ್ಕದ ಮನೆಯ ಜಗಲಿಗೆ ಹೋಗಿ ಕೂತರು. “ಹೆಣ್ಣೆಂಗ್ಸು ಕೂತ ಮಗ್ಗಕ್ಕೆ ನನ್ನ ನೂಲು ಒಂದೆಳೆ ಕೊಡಕ್ಕಿಲ್ಲ” ಅಂತ ಅಲ್ಲಿಂದಲೇ ಹೇಳಿದರು.

ಊಟಕ್ಕೆ ಬರುತ್ತಿದ್ದರು. ಮುದ್ದೆ ಇಟ್ಟರೆ ಉಣ್ಣುತ್ತಿದ್ದರು. ಮಾತು ಮಾತ್ರ ಇಲ್ಲ.

ಹಾಗಾಗಿ ನನ್ನ ಹಾವಿನಂಥ ನೂಲೇ ಗತಿಯಾಯಿತು. ನೂಲಿಗೆ ಹುಣಸೆ ಬೀಜದ ಗಂಜಿ ಕುಡಿಸಿ, ಉದ್ದದ ಎಳೆಗಳ ಹಾಸು ಹೂಡಿದೆವು. ಯಜಮಾನರು ಗುಂಡಿಯ ಅಂಚಿನಲ್ಲಿ ಕೂತು “ಮೆತ್ತಗೆ, ಮೆತ್ತಗೆ, ಹಗ್ಗನ ಬಾವಿ ನೀರು ಸೇದ್ದಂಗೆ ಎಳೀಬೇಡ” ಅನ್ನುತ್ತಿದ್ದರು. ಎಳೆ ಹರಿಯಿತು, ಲಾಳಿ ನೆಗೆಯಿತು, ನನ್ನ ಬೆರಳು ಬಾತುಕೊಂಡಿತು. ಕೊನೆಗೆ ಕಂಬಳಿ ಅನ್ನುವಂಥದ್ದೊಂದು ಮಗ್ಗದಿಂದ ಇಳಿಯಿತು. ಇಬ್ಬರೂ ಅದನ್ನು ಹೊತ್ತು ಸಿರಾ ಸಂತೆಗೆ ಹೋದೆವು. ನಮ್ಮ ಮನೆಯ ಕಂಬಳಿಯನ್ನು ಯಾವಾಗಲೂ ಕೊಳ್ಳುತ್ತಿದ್ದ ಸಾಹೇಬರು ಅದನ್ನು ಬಿಸಿಲಿಗೆ ಹಿಡಿದು ನೋಡಿದರು.

“ಅರೆ ಅಮ್ಮಾ, ಏ ಕ್ಯಾ ಹೈ? ಇದು ಕಂಬ್ಳಿನಾ, ಜಲ್ಡಿನಾ?”

ಸುತ್ತಲಿದ್ದವರು ನಕ್ಕರು. ಯಜಮಾನರು ಅದನ್ನು ಮಡಚಿ ಹೆಗಲಿಗೆ ಹಾಕಿಕೊಂಡರು. ಜಾಲಿಗಿಡಗಳ ನಡುವಿನ ದಾರಿಯಲ್ಲಿ ಹಟ್ಟಿಯ ಕಡೆಗೆ ನಡೆದೆವು.

ಮನೆಗೆ ಬಂದಾಗ ಅತ್ತೆ ಕಂಬಳಿಯನ್ನು ಕಿತ್ತುಕೊಂಡು ಬೆರಳಾಡಿಸಿ ನೋಡಿದರು. ಎಷ್ಟೋ ದಿನದ ಮೇಲೆ ಬಾಯಿ ಬಿಟ್ಟರು.

“ಇದನ್ನ ನಮ್ಮನೆ ಕಂಬ್ಳಿ ಅಂತ ಸಂತೇಲಿ ತೋರ್ಸಿ ಬಂದ್ಯಾ?”

“ಹೂಂ, ಅತ್ತೆ.”

“ನನ್ನ ಮಾನ ಕಳ್ದುಬುಟ್ಟಲ್ಲೇ!”

ಮಾರನೆಯ ಬೆಳಿಗ್ಗೆ ಎದ್ದು ನೋಡಿದರೆ ಗುಂಡಿಯ ಪಕ್ಕದಲ್ಲಿ ಮಂಕರಿ ಇತ್ತು. ಅದರ ತುಂಬ ಅತ್ತೆಯ ನೂಲು. ಅವರು ಒಲೆ ಮುಂದೆ ನನಗೆ ಬೆನ್ನು ಹಾಕಿ ಕೂತಿದ್ದರು. “ನಿನಗೆ ಅಂತ ಕೊಟ್ಟಿಲ್ಲ. ಮನೆ ಹೆಸ್ರಿಗೆ ಕೊಟ್ಟಿವ್ನಿ” ಅಂದರು. ನಾನು ಕಣ್ಣೊರೆಸಿಕೊಂಡು ಹಾಸು ಹೂಡಲು ಕೂತೆ.

ಆ ನೂಲಿನಲ್ಲಿ ನೇಯ್ದ ಕಂಬಳಿಯನ್ನು ಸಾಹೇಬರು ಮಾತಿಲ್ಲದೆ ಕೊಂಡರು. ಅಲ್ಲಿಂದ ಹೊಸ ತೊಂದರೆ ಶುರುವಾಯಿತು. ಹಗ್ಗದ ಲಾಳಿ ಓಡುವ ಓಟಕ್ಕೆ ಅತ್ತೆಯ ಕದಿರು ಸಾಲದಾಯಿತು. “ಇದ್ಕೇನು ಹೊಟ್ಟೇಲಿ ಭೂತ ಹೊಕ್ಕೈತಾ? ಹಾಕಿದ್ದೆಲ್ಲ ನುಂಗ್ತೈತೆ!” ಅಂತ ಮಗ್ಗವನ್ನೇ ಬೈಯುತ್ತಿದ್ದರು. ಮೇಷ್ಟ್ರು ಮತ್ತೆ ಬಂದಾಗ ಗಿರಣಿ ನೂಲಿನ ಒಂದು ಲಡಿ ತಂದು ತೋರಿಸಿದರು. ಅತ್ತೆ ಅದನ್ನು ಕೆನ್ನೆಗೆ ಒತ್ತಿಕೊಂಡು ನೋಡಿ ಹಿಂದಕ್ಕೆ ಕೊಟ್ಟರು. “ಚೆನ್ನಾಗೈತೆ ಸ್ವಾಮಿ. ಇದು ಬಂದ್ರೆ ನಾವೇನ್ ಮಾಡಾದು?” ಅಂದರು. ಮೇಷ್ಟ್ರು ಒಳ್ಳೆಯವರು, ಸುಳ್ಳು ಹೇಳಲಿಲ್ಲ. ಲಡಿಯನ್ನು ಚೀಲಕ್ಕೆ ಹಾಕಿಕೊಂಡರು.

ಅತ್ತೆಯೇ ದಾರಿ ಮಾಡಿದರು. ಬೀದಿಯ ಹೆಂಗಸರನ್ನೆಲ್ಲ ನಮ್ಮ ಜಗಲಿಗೆ ಕರೆದು ಕೂರಿಸಿದರು. ಒಬ್ಬರು ಹಿಂಜುವುದು, ಮಿಕ್ಕವರು ನೂಲುವುದು, ನೂಲಿಗೆ ಬದಲು ರಾಗಿ. ದಪ್ಪ ನೂಲು ತೆಗೆದವರಿಗೆ “ನನ್ನ ಸೊಸೆ ಹಂಗೆ ಮಾಡ್ಬೇಡ್ರೇ” ಅನ್ನುತ್ತಿದ್ದರು. ಯುದ್ಧ ಬಂದು ಸಿಪಾಯಿಗಳಿಗೆ ಕಂಬಳಿ ಬೇಕು ಅಂತ ಸರ್ಕಾರ ಕೇಳಿದ ವರ್ಷಗಳಲ್ಲಿ ಆ ಜಗಲಿಯಲ್ಲಿ ಕಾಲಿಡಲು ಜಾಗ ಇರಲಿಲ್ಲ. ಕಂದಾಯದ ಮಾತಾಡಿದ್ದ ಹಿರಿಯರ ಮನೆಗೂ ಹಗ್ಗದ ಲಾಳಿ ಬಂತು. ಅವರ ವಿಧವೆ ಮಗಳಿಗೆ ಅದನ್ನು ಕಲಿಸಿದವಳು ನಾನು. ಮಧ್ಯಾಹ್ನದ ಹೊತ್ತು ಬೀದಿಯುದ್ದಕ್ಕೂ ಮಗ್ಗಗಳು ಒಂದಕ್ಕೊಂದು ಮಾತಾಡಿಕೊಂಡ ಹಾಗೆ ಟಕಟಕ ಅನ್ನುತ್ತಿದ್ದವು. ಕುರಿ ಹಿಕ್ಕೆ, ಹಸಿ ಉಣ್ಣೆ, ಹುಣಸೆ ಗಂಜಿ ಎಲ್ಲ ಕಲೆತ ಆ ವಾಸನೆ ನನಗೆ ಆಮೇಲೆ ಇನ್ನೆಲ್ಲೂ ಸಿಗಲಿಲ್ಲ.

ಯುದ್ಧ ಮುಗಿಯಿತು, ಸರ್ಕಾರದ ಬೇಡಿಕೆ ನಿಂತಿತು. ಸಂತೆಗೆ ಅಗ್ಗದ ಗಿರಣಿ ಹೊದಿಕೆಗಳು ಬಂದವು. ಮೇಷ್ಟ್ರಿಗೆ ಬೇರೆ ಕಡೆಗೆ ವರ್ಗವಾಯಿತು. ಹೋಗುವ ಮುಂಚೆ ಬಂದು ಮಜ್ಜಿಗೆ ಕುಡಿದು, ಅತ್ತೆಗೆ ಕೈಮುಗಿದು ಹೋದರು. ಜಗಲಿ ಖಾಲಿಯಾಗುತ್ತಾ ಬಂತು. ನಾನು ಮಾತ್ರ ನಮ್ಮ ಕುರಿಯ ಉಣ್ಣೆ ಇರುವಷ್ಟು ನೇಯುತ್ತಿದ್ದೆ.

ಸ್ವಾತಂತ್ರ್ಯ ಬಂದ ವರ್ಷದ ಮಳೆಗಾಲ ಕಳೆದ ಮೇಲೆ ಒಂದು ಮಧ್ಯಾಹ್ನ, ನಾನು ನೀರು ತಂದು ಒಳಗೆ ಬಂದರೆ ಅತ್ತೆ ಗುಂಡಿಯಲ್ಲಿ ಕೂತಿದ್ದರು. ನನ್ನನ್ನು ನೋಡಿ ನಾಚಿಕೊಂಡು, “ಕಾಲು ನೋಯ್ತಿತ್ತು, ಅದ್ಕೆ ಇಳಿಬುಟ್ಟು ಕೂತೆ” ಅಂದರು.

“ಹಗ್ಗ ಎಳೀರಿ ಅತ್ತೆ.”

ಜಗ್ಗಿಬಿಟ್ಟರು. ಲಾಳಿ ಚೌಕಟ್ಟು ಬಿಟ್ಟು ನೆಗೆದು ಅಂಗಳದ ಕುರಿಮರಿಯ ಮುಂದೆ ಬಿತ್ತು. ಮರಿ ಬೆದರಿ ಬಚ್ಚಲಿಗೆ ನುಗ್ಗಿತು. ಅತ್ತೆ ಬಾಯಿಗೆ ಸೆರಗು ಒತ್ತಿಕೊಂಡು ನಗತೊಡಗಿದವರು ನಿಲ್ಲಿಸಲೇ ಇಲ್ಲ. ನಾನು ಲಾಳಿ ತಂದುಕೊಟ್ಟು ಪಕ್ಕದಲ್ಲಿ ಕೂತೆ. ಗೇಣಗಲವಷ್ಟೇ ಬಾಕಿಯಿದ್ದ ನನ್ನ ಕಂಬಳಿಯನ್ನು ಹೊತ್ತು ಇಳಿಯುವವರೆಗೂ ತಾವೇ ನೇಯ್ದು ಮುಗಿಸಿದರು. ಅಂಚು ಸೊಟ್ಟಪಟ್ಟ.

ಯಜಮಾನರು ಬಂದು ನೋಡಿ ನನಗೆ, “ಇದನ್ನ ಬಿಚ್ಚಿ ನೇಯಿ, ಯಾರೂ ಕೊಳ್ಳಕ್ಕಿಲ್ಲ” ಅಂದರು.

“ಮಾರೋಕಲ್ಲ ಬುಡೋ. ನನ್ಗೇ ಇರ್ಲಿ” ಅಂದರು ಅತ್ತೆ. ಆ ಚಳಿಗಾಲವೆಲ್ಲ ಅದನ್ನೇ ಹೊದ್ದು, ಸೊಟ್ಟ ಅಂಚನ್ನು ಕೊರಳಿನ ಕಡೆಗೆ ಎಳೆದುಕೊಂಡು ಮಲಗುತ್ತಿದ್ದರು.