ಹುಳುನಾಡಿನ ಮೂರನೇ ಜ್ವರ

ಕೆಲಸಕ್ಕೆ ಸೇರಿದ ಮೂರನೇ ದಿನ ಮೇಲ್ವಿಚಾರಕಿ ನನ್ನನ್ನು ಕರೆದು, "ನಿಮಗೆ ರಜೆ ಮೂವತ್ತೊಂದರಲ್ಲಿ ಬೇಕೋ, ಮೂವತ್ತೆಂಟರಲ್ಲೋ?" ಎಂದರು. ಯಾವ ತಿಂಗಳಲ್ಲಿ ಮೂವತ್ತೆಂಟನೇ ತಾರೀಖು ಇರುತ್ತದೆ? ನಾನು ಕಣ್ಣು ಕಣ್ಣು ಬಿಟ್ಟೆ. ಆಮೇಲೆ ತಿಳಿಯಿತು, ಜರ್ಮನಿಯವರು ವರ್ಷದ ವಾರಗಳಿಗೆಲ್ಲ ನಂಬರು ಹಾಕಿಟ್ಟಿದ್ದಾರೆ. ಕಲೆಂಡರ್‌ವೊಖೆ, ಅಂದರೆ ಪಂಚಾಂಗದ ವಾರ. ನಲ್ಲಿ ರಿಪೇರಿಯವನೂ "ಇಪ್ಪತ್ತೆರಡರಲ್ಲಿ ಬರುತ್ತೇನೆ" ಎಂದು ಹೇಳಿ ಹೋಗುತ್ತಾನೆ, ಸೋಜಿಗವೆಂದರೆ ಬಂದೂ ಬಿಡುತ್ತಾನೆ. ನಮ್ಮ ಕನಕಪುರದಲ್ಲಿ ಇಂಥವರಿಗೆ ಗೊತ್ತಿದ್ದದ್ದು 'ನಾಳೆ' ಒಂದೇ.

ಲೈಪ್‌ಜಿಗ್ ಊರಿನ ಒಂದು ವೃದ್ಧಾಶ್ರಮದಲ್ಲಿ ನಾನು ನರ್ಸ್. ಬಂದು ಒಂದೂವರೆ ವರ್ಷವಾಯಿತು. ಮೂರನೇ ಮಹಡಿಯಲ್ಲಿ ಒಂದು ರೂಮು. ಭಾನುವಾರ ಇಲ್ಲಿ ರೂಹೆಟ್ಸೈಟ್, ಸದ್ದು ಮಾಡಬಾರದ ಹೊತ್ತು. ಗೊತ್ತಿಲ್ಲದೆ ಮಿಕ್ಸಿ ಹಾಕಿ ಕೆಳಮನೆಯ ಅಜ್ಜಿಯಿಂದ ಬೈಸಿಕೊಂಡೆ. ಸಿಲೋನ್ ತಮಿಳರ ಅಂಗಡಿಯಲ್ಲಿ ರಾಗಿಹಿಟ್ಟು ಸಿಕ್ಕ ದಿನ ಊರು ಗೆದ್ದವಳಂತೆ ಟ್ರಾಮ್ ಹತ್ತಿದೆ. ವಾರದ ನಂಬರು ಕಲಿಯುವುದಂತೂ ನನಗೆ ಕಷ್ಟವಾಗಲಿಲ್ಲ. ಇದಕ್ಕಿಂತ ವಿಚಿತ್ರವಾದ ಪಂಚಾಂಗವೊಂದನ್ನು ಹನ್ನೊಂದನೇ ವಯಸ್ಸಿಗೇ ಬರೆದವಳು ನಾನು.

ಕೋಡಿಹಳ್ಳಿಯ ನಮ್ಮ ಮನೆಯಲ್ಲಿ ರೇಷ್ಮೆಹುಳು ಸಾಕುತ್ತಿದ್ದರು. ತಮ್ಮ ಮಾದೇಶನ ಬುದ್ಧಿ ಏಳೆಂಟು ವರ್ಷಕ್ಕೇ ನಿಂತುಬಿಟ್ಟಿತು. ಸೋಮವಾರ ಮಂಗಳವಾರ ಅವನ ತಲೆಗೆ ಹತ್ತುತ್ತಿರಲಿಲ್ಲ, ಆದರೆ ಹುಳುವಿನ ದಿನಗಳು ತಪ್ಪುತ್ತಿರಲಿಲ್ಲ. ಅದಕ್ಕೇ ಅವನಿಗಾಗಿ ನೋಟ್‌ಬುಕ್ಕಿನಲ್ಲಿ ನಾನೊಂದು ಹುಳುನಾಡು ಕಟ್ಟಿದೆ. ಅಲ್ಲಿ ಮೊಟ್ಟೆಯೊಡೆದು ಗೂಡು ಕಟ್ಟುವವರೆಗಿನ ಒಂದು ಬೆಳೆಯೆಂದರೆ ಒಂದು ತಿಂಗಳು. ಹುಳು ನಾಲ್ಕು ಸಲ ಮೇವು ಬಿಟ್ಟು, ತಲೆಯೆತ್ತಿ ಅಲ್ಲಾಡದೆ ಕೂತು ಪೊರೆ ಕಳಚುತ್ತದೆ. ಅದಕ್ಕೆ ನಮ್ಮ ಕಡೆ ಜ್ವರ ಎನ್ನುತ್ತಾರೆ. ನಾಲ್ಕು ಜ್ವರಗಳ ಹಿಂದೆ ಮುಂದೆ ಸೇರಿ ಐದು ವಾರ, ಒಂದೊಂದೂ ಒಂದೊಂದು ಉದ್ದ. ಸೊಪ್ಪು ಹಾಕಿ ಹಾಕಿ ಕೈಸೋಲುವ ಕೊನೆಯ ವಾರದ ಹೆಸರು ಮಹಾ ಊಟ. ಹಬ್ಬಗಳಿದ್ದವು, ರಾಜನಿದ್ದ, ಕಾನೂನೂ ಇತ್ತು: ಜ್ವರ ಕೂತಾಗ ನಾಡಿನಲ್ಲಿ ಯಾರೂ ಉಣ್ಣಬಾರದು, ಹುಳು ಪೊರೆ ಬಿಟ್ಟು ಜ್ವರ ಎದ್ದ ಮೇಲೆಯೇ ಊಟದ ಎಲೆ ಹಾಕಬೇಕು.

ಆ ಕಾನೂನು ಹಾಕಿದವಳು ನಾನೇ. ಮಕ್ಕಳಾಟ ಎಂದುಕೊಂಡಿದ್ದೆ. ನಾನು ಆಟ ಬಿಟ್ಟೆ, ಅವನು ಬಿಡಲಿಲ್ಲ. ಇಪ್ಪತ್ತಾರು ವರ್ಷದ ಗಂಡಸು ಇವತ್ತಿಗೂ ಜ್ವರದ ದಿನ ಉಪವಾಸ. ಒಂದು ದಿನದ ಮಾತು ತಾನೇ ಎಂದು ಮನೆಯವರೂ ಸುಮ್ಮನಿದ್ದರು.

ಹೋದ ತಿಂಗಳು ಸರಿಯಾಗಿ ಮೂರನೇ ಜ್ವರ ಕೂತ ದಿನವೇ ಹುಳುವಿಗೆ ಮೈ ಊದಿ ಹಾಲಿನಂಥ ನೀರು ಸುರಿಸುವ ಹಾಲುರೋಗ ಬಿತ್ತು. ಅಪ್ಪ ಅಷ್ಟನ್ನೂ ಗುಂಡಿಗೆ ಸುರಿದು ಸುಣ್ಣ ಹಾಕಿ ಮುಚ್ಚಿದರು. ಮೂರು ದಿನ ಕಳೆದು ಅವ್ವನ ಫೋನು ಬಂತು.

"ನೀರು ಬುಟ್ರೆ ಏನೂ ಮುಟ್ಟಿಲ್ಲ ಕಣವ್ವ. ಇನ್ನೂ ಜ್ವರ ಎದ್ದಿಲ್ಲ ಅಂತ ಖಾಲಿ ತಟ್ಟೆ ಮುಂದೆ ಕೂತವ್ನೆ. ಡಾಕ್ಟ್ರು ಡ್ರಿಪ್ ಹಾಕಿದ್ರೆ ಕಿತ್ತಾಕ್ದ. ಅದೇನು ಬರ್ದು ಕೊಟ್ಟಿದ್ಯೋ, ನೀನೇ ಬಂದು ಬುಡ್ಸು."

ವಿಡಿಯೋದಲ್ಲಿ ಅವನ ತುಟಿ ಒಣಗಿ ಬಿರಿದಿತ್ತು. "ಮಾದೇಶ, ಜ್ವರ ಎದ್ದೈತೆ ಕಣೋ. ಪಂಚಾಂಗ ಬರ್ದೋಳು ನಾನು, ನಾನೇ ಹೇಳ್ತಿದೀನಿ, ಉಣ್ಣು" ಎಂದೆ.

"ಎಲ್ಲಿ, ತೋರ್ಸು ಮತ್ತೆ" ಎಂದ. ಏನನ್ನು ತೋರಿಸಲಿ?

ರಜೆ ಕೇಳಲು ಮೇಲ್ವಿಚಾರಕಿಯ ಬಳಿ ಓಡಿದೆ. ಸಕ್ಕರೆ ಕಾಯಿಲೆ, ಲಕ್ವ, ಮರೆವು ಎಲ್ಲಕ್ಕೂ ನನ್ನಲ್ಲಿ ಜರ್ಮನ್ ಪದಗಳಿವೆ. ಜ್ವರದಲ್ಲೇ ಹುಳುಗಳು ಸತ್ತವು, ಹಾಗಾಗಿ ನನ್ನ ತಮ್ಮ ಉಣ್ಣುತ್ತಿಲ್ಲ ಎನ್ನುವುದಕ್ಕೆ ಇಲ್ಲ. ತಡವರಿಸಿ ಏನೋ ಹೇಳಿದೆ. ಅವರು ಒಳ್ಳೆಯವರು, ಕೈ ಹಿಡಿದು ಕೇಳಿಸಿಕೊಂಡರು, ಡ್ಯೂಟಿ ಪಟ್ಟಿಯನ್ನು ಎರಡು ಸಲ ನೋಡಿದರು. ನರ್ಸ್‌ಗಳಲ್ಲಿ ಇಬ್ಬರು ಕಾಯಿಲೆ ಬಿದ್ದಿದ್ದರು, ಮುಂದಿನ ವಾರಕ್ಕೆ ಮೊದಲು ಯಾರನ್ನೂ ಬಿಡುವಂತಿರಲಿಲ್ಲ. ಆ ಮಧ್ಯಾಹ್ನ ತೊಂಬತ್ತು ದಾಟಿದ ಒಬ್ಬ ಅಜ್ಜನಿಗೆ ಚಮಚ ಚಮಚವಾಗಿ ಸೂಪು ಕುಡಿಸಿದೆ. ಅವರು ಬಾಯಿ ತೆರೆದಾಗಲೆಲ್ಲ ನನಗೆ ಅಳು ಬರುತ್ತಿತ್ತು. ಯಾರದೋ ಅಪ್ಪನಿಗೆ ಉಣ್ಣಿಸಲು ಏಳು ಸಾವಿರ ಕಿಲೋಮೀಟರ್ ಬಂದಿದ್ದೆ.

ಉಳಿದಿದ್ದು ಒಂದೇ ದಾರಿ, ಜ್ವರ ಏಳುವ ಹುಳುವನ್ನು ಅವನ ಕಣ್ಣಿಗೆ ಕಾಣಿಸುವುದು. ಆದರೆ ಬೆಳೆ ಕೆಟ್ಟ ಮನೆಯವರನ್ನು ಯಾರೂ ತಮ್ಮ ಹುಳುಮನೆಯ ಹತ್ತಿರ ಸೇರಿಸುವುದಿಲ್ಲ. ರೋಗ ಬಟ್ಟೆಗಂಟಿ ಬರುತ್ತದೆ ಎಂಬ ಭಯ, ಅದು ಸುಳ್ಳೂ ಅಲ್ಲ. ಅಪ್ಪ ಕೇಳಲು ಹೋದರೆ ಊರಲ್ಲಿ ಇಬ್ಬರು ಬಾಗಿಲಲ್ಲೇ ಬೇಡವೆಂದರು. ನಾನು ಇಲ್ಲಿಂದಲೇ ದೊಡ್ಡಆಲಹಳ್ಳಿಯ ಸೋದರತ್ತೆಗೆ ಫೋನು ಮಾಡಿ ಅಂಗಲಾಚಿದೆ.

"ನಿಮ್ಮಪ್ಪ ಗೇಟಿಂದ ಆಚೇನೇ ನಿಂತ್ಕಳ್ಳಿ" ಎಂದರು ಅತ್ತೆ. "ಒಂದು ಮೊರ ಹುಳ ಬೇಲಿ ಮೇಲಿಂದ ಕೊಡ್ತೀನಿ. ಮೊರ ವಾಪಸ್ ತರ್ಬೇಡಿ."

ಅಪ್ಪ ಮೊರಕ್ಕೆ ಒದ್ದೆ ಬಟ್ಟೆ ಹೊದಿಸಿ ಸ್ಕೂಟರಿನಲ್ಲಿ ತಂದರು. ಹುಳು ಜ್ವರದಲ್ಲಿ ಕೂತಿದ್ದವು, ಅವುಗಳ ಮುಂದೆ ಮಾದೇಶನೂ ಕೂತ. ಮಾರನೇ ದಿನ ನನ್ನ ಚಹಾದ ಹೊತ್ತಿಗೆ ಅವ್ವ ಫೋನು ಹಿಡಿದು ತೋರಿಸಿದರು. ಹುಳು ಒಂದೊಂದೇ ಪೊರೆ ಬಿಟ್ಟು ಸೊಪ್ಪಿನತ್ತ ತೆವಳುತ್ತಿದ್ದವು. ಅವನು ಮುದ್ದೆ ಮುರಿದು ಸಾರಿಗೆ ಅದ್ದಿದ.

"ಈ ಹುಳಾನೂ ಗೂಡು ಕಟ್ತವೆ, ಆಮೇಕೆ ಏನ್ ಮಾಡಾನ?" ಎಂದು ಅವ್ವ ಮೆಲ್ಲಗೆ ಕೇಳಿದರು. ಅಪ್ಪ ಇನ್ನು ಹುಳು ಸಾಕುವುದಿಲ್ಲ ಎಂದುಬಿಟ್ಟಿದ್ದಾರೆ. ಮೂವತ್ತೊಂದನೇ ವಾರ ರಜೆ ಸಿಕ್ಕಿದೆ, ಹೋಗಿ ಏನು ಮಾಡಬಲ್ಲೆನೋ ಗೊತ್ತಿಲ್ಲ.

ಮಾದೇಶ ಕೈತೊಳೆದು ಬಂದು ಫೋನು ಕಿತ್ತುಕೊಂಡ.

"ಅಕ್ಕ, ನಿಮ್ಮೂರಲ್ಲಿ ಹುಳ ಸಾಕ್ತಾರಾ?"

ನಿಮ್ಮೂರು ಎಂದ. ಕೋಡಿಹಳ್ಳಿಯಲ್ಲಿ ಹುಟ್ಟಿದವಳಿಗೆ.

"ಇಲ್ಲ ಕಣೋ."

"ಹಂಗಾರೆ ಅಲ್ಲಿ ದಿನಾನೇ ಓಡಲ್ಲ. ನೀನು ಹೋದ ದಿನಾನೇ ಐತೆ ನಿಂಗೆ ಇನ್ನೂವೆ" ಎಂದ.

ಹೌದು ಎಂದೆ.