ಒಂದು ಮುಚ್ಚಳ ಮೀನಿನ ದವಾ

ನಾನು ಬಿ.ಎಸ್ಸಿ. ಇದನ್ನು ಮೊದಲೇ ಹೇಳಿಬಿಡುವುದು ಒಳ್ಳೆಯದು, ಯಾಕೆಂದರೆ ನಮ್ಮ ಮನೆಯಲ್ಲಿ ಹೇಳಿ ಹೇಳಿ ನನಗೆ ಸಾಕಾಗಿದೆ. ಕಾಗಿಣಾ ನದಿಯ ದಂಡೆಯಲ್ಲಿ ಬಲೆ ಬೀಸಿ ಬದುಕಿದವರ ಮನೆಯಲ್ಲಿ ಹುಟ್ಟಿ, ಸೇಡಂನಿಂದ ಗುಲಬರ್ಗಾಕ್ಕೆ ಹೋಗಿ, ಎರಡೇ ಸೀರೆಯಲ್ಲಿ ಕಾಲೇಜು ಮುಗಿಸಿದವಳು ನಾನು. ನಮ್ಮ ವಂಶದಲ್ಲಿ ಹೆಸರಿನ ಮುಂದೆ ಅಕ್ಷರ ಹಚ್ಚಿಕೊಂಡ ಮೊದಲಿಗಳು. ಶಹಾಬಾದಿನ ಹೈಸ್ಕೂಲಿನಲ್ಲಿ ರಸಾಯನಶಾಸ್ತ್ರ ಕಲಿಸುತ್ತೇನೆ. ಅಲ್ಲಿ ನಾನು ಕೆಮ್ಮಿದರೂ ಮಕ್ಕಳು ಬರೆದುಕೊಳ್ಳುತ್ತಾರೆ. ಸಂಜೆಯ ಪ್ಯಾಸೆಂಜರಿನಲ್ಲಿ ಬಂದು ವಾಡಿಯಲ್ಲಿ ಇಳಿದು ರೈಲ್ವೆ ಕ್ವಾರ್ಟರ್ಸಿನ ನಮ್ಮ ಮನೆಯ ಹೊಸ್ತಿಲು ದಾಟಿದ ಕೂಡಲೇ ನನ್ನ ಬಿ.ಎಸ್ಸಿ. ಚಪ್ಪಲಿಯ ಜೊತೆ ಹೊರಗೇ ಉಳಿಯುತ್ತದೆ.

ಈ ಸಂಗತಿ ನನಗೆ ಸ್ಪಷ್ಟವಾದದ್ದು ಮೀನಿನ ಪೆಟ್ಟಿಗೆಯಿಂದ. ನಮ್ಮವರು ಸ್ಟೇಷನ್ನಿನಲ್ಲಿ ಟಿಕೆಟ್ ಕೊಡುವ ಕೆಲಸದವರು. ಹೈದರಾಬಾದಿಗೆ ಮದುವೆಗೆಂದು ಹೋದವರು, ಬರುವಾಗ ತೊಡೆಯ ಮೇಲೆ ಒಂದು ಗಾಜಿನ ಪೆಟ್ಟಿಗೆ ಇಟ್ಟುಕೊಂಡು, ಕೈಯಲ್ಲಿ ನೀರು ತುಂಬಿದ ಪ್ಲಾಸ್ಟಿಕ್ ಚೀಲ ಹಿಡಿದು ಬಂದರು. ಚೀಲದಲ್ಲಿ ಬಂಗಾರದ ಬಣ್ಣದ ಐದು ಮೀನು. ಅತ್ತೆ ಚೀಲವನ್ನು ಬೆಳಕಿಗೆ ಹಿಡಿದು ನೋಡಿದರು.

"ಇವು ಎಷ್ಟ ದೊಡ್ಡವು ಆದ ಮ್ಯಾಲ ಸಾರಿಗಿ ಬರ್ತಾವ?"

"ಸಾರಿಗಲ್ಲ ಅವ್ವ, ನೋಡ್ಲಿಕ್ಕ ಅಷ್ಟೇ," ಎಂದರು ನಮ್ಮವರು.

"ನೋಡ್ಲಿಕ್ಕ ಮೀನಾ?" ಅತ್ತೆ ಮಗನ ಮುಖವನ್ನು ಬಹಳ ಹೊತ್ತು ನೋಡಿದರು. ಪ್ರಯಾಣದಲ್ಲಿ ಬಿಸಿಲು ತಗುಲಿತೋ ಏನೋ ಎಂಬ ನೋಟ.

ಮೀನಿನ ಜೊತೆ ಒಂದು ಸಣ್ಣ ಬಾಟ್ಲಿಯೂ ಬಂದಿತ್ತು. ಅಂಗಡಿಯವನು ಅದನ್ನು ನೀರಿಗೆ ಹಾಕಬೇಕು ಎಂದನಂತೆ. ಎಷ್ಟು, ಯಾವಾಗ, ಯಾಕೆ ಎಂದು ಕೇಳುವ ಪದ್ಧತಿ ನಮ್ಮವರಲ್ಲಿಲ್ಲ. ಬಾಟ್ಲಿಯ ಮೇಲಿನ ಇಂಗ್ಲಿಷನ್ನು ನಾನೇ ಓದಿದೆ. ನಮ್ಮ ನಳದ ನೀರಿಗೆ ಹುಳ ಸಾಯಲೆಂದು ಬ್ಲೀಚಿಂಗ್ ಪುಡಿ ಹಾಕುತ್ತಾರಲ್ಲ, ಅದರಲ್ಲಿನ ಕ್ಲೋರಿನ್ ಮೀನಿನ ಕಿವಿರನ್ನು ಸುಡುತ್ತದೆ. ಆ ಕ್ಲೋರಿನ್ನಿನ ಖಾರ ಮುರಿಯುವುದೇ ಬಾಟ್ಲಿಯ ಕೆಲಸ. ಇಷ್ಟನ್ನು ನಾನು ಪಾಠ ಮಾಡುವ ದನಿಯಲ್ಲೇ ವಿವರಿಸಿದೆ. ಅತ್ತೆ ಎಲ್ಲ ಕೇಳಿ, "ಅಂದ್ರ ಸರಕಾರದವರು ನೀರಿಗಿ ದವಾ ಹಾಕ್ತಾರ, ನೀ ಆ ದವಾಕ್ಕ ಮತ್ತೊಂದ ದವಾ ಹಾಕ್ತಿ. ಇದರ ಬದ್ಲಿ ಇಬ್ಬರೂ ಸುಮ್ಮನ ಕುಂತ್ರ ಆಗಲ್ಲೇನು?" ಎಂದರು.

ನಿಮ್ಮ ಮನೆಯಲ್ಲೂ ಇಂಥ ಪೆಟ್ಟಿಗೆ ಇದ್ದರೆ ದಯವಿಟ್ಟು ಕೇಳಿ. ನೀವಾದರೂ ಕೇಳಿದರೆ ನನ್ನ ಓದು ಸಾರ್ಥಕ. ದವಾ ಬೇಕಾದದ್ದು ಮೀನಿಗಲ್ಲ, ನೀರಿಗೆ. ಅದೂ ಹೊಸದಾಗಿ ಹಾಕುವ ನಳದ ನೀರಿಗೆ ಮಾತ್ರ. ಬ್ಲೀಚಿಂಗ್ ಪುಡಿ ಕಾಣದ ಬಾವಿಯ ನೀರಿಗೆ ಅದರ ಅಗತ್ಯವೇ ಇಲ್ಲ. ಪೆಟ್ಟಿಗೆಯ ನೀರನ್ನೆಲ್ಲ ಒಮ್ಮೆಲೇ ಚೆಲ್ಲಬೇಡಿ, ಕಾಲು ಪಾಲು ತೆಗೆದರೆ ಸಾಕು. ಹೊಸ ನೀರನ್ನು ಬೇರೆ ಬಕೆಟ್ಟಿನಲ್ಲಿ ಹಿಡಿದು, ಬಾಟ್ಲಿಯಲ್ಲಿ ಬರೆದ ಅಳತೆಯಷ್ಟೇ ದವಾ ಬೆರೆಸಿ, ಕಲಕಿ, ಸ್ವಲ್ಪ ಹೊತ್ತು ಬಿಟ್ಟು, ಒಳಗಿನ ನೀರಿನಷ್ಟೇ ಬಿಸಿ ಇದೆಯೋ ಎಂದು ಬೆರಳಿಟ್ಟು ನೋಡಿ ಆಮೇಲೆ ಹಾಕಿ. ನಮ್ಮ ಪೆಟ್ಟಿಗೆಗೆ ವಾರಕ್ಕೊಮ್ಮೆ ಹಾಕುವ ಒಂದು ಬಕೆಟ್ ನೀರಿಗೆ ಬೇಕಾದದ್ದು ಒಂದು ಮುಚ್ಚಳ. ಹೆಚ್ಚು ಸುರಿದರೆ ನೀರಿನೊಳಗಿನ ಉಸಿರೇ ಕಡಿಮೆಯಾಗುತ್ತದೆ. ಇದರಲ್ಲಿ ಕಷ್ಟದ್ದು ಏನಿದೆ ಎಂದು ನಾನು ಆಗ ಕೇಳುತ್ತಿದ್ದೆ. ಈಗ ಕೇಳುವುದಿಲ್ಲ.

ಕಷ್ಟ ಇರುವುದು ರಸಾಯನದಲ್ಲಲ್ಲ, ನಮ್ಮ ಜನರ ಪ್ರೀತಿಯಲ್ಲಿ. ನಮ್ಮ ಕಡೆ ದವಾಖಾನೆಗೆ ಹೋದವರು ಗುಳಿಗೆ ತಗೊಂಡು ಮರಳಿದರೆ ಡಾಕ್ಟರಿಗೇ ಕೆಟ್ಟ ಹೆಸರು. ಸೂಜಿ ಚುಚ್ಚಬೇಕು, ಅದೂ ನೋಯುವಂತೆ ಚುಚ್ಚಬೇಕು. ಒಂದು ಗುಳಿಗೆಗೆ ನೆಗಡಿ ಇಳಿಯದಿದ್ದರೆ ನಾಲ್ಕು ನುಂಗಿ, ಐದನೆಯದನ್ನು ಪಕ್ಕದ ಮನೆಯವರಿಗೆ ಕೊಟ್ಟು ಬರುವ ಉದಾರಿಗಳು ನಾವು. ಇಂಥವರ ಕೈಗೆ ದವಾದ ಬಾಟ್ಲಿ ಸಿಕ್ಕರೆ ಏನಾಗಬೇಕೋ ಅದೇ ಆಯಿತು. ಬೆಳಿಗ್ಗೆ ನಮ್ಮವರು ಡ್ಯೂಟಿಗೆ ಹೋಗುವ ಮುಂಚೆ ಒಂದು ಮುಚ್ಚಳ. ಪಕ್ಕದ ಮನೆಯ ಗೂಡ್ಸ್ ಗಾರ್ಡರ ಹೆಂಡತಿ ಶಾಂತಮ್ಮ, ಮಧ್ಯಾಹ್ನ ಮೀನು ನೋಡಲು ಬಂದವರು ಬರಿಗೈಯಲ್ಲಿ ನೋಡುವುದು ಹೇಗೆ ಎಂದು ಒಂದು ಮುಚ್ಚಳ. ಯಾರೂ ಹಾಕಿರಲಿಕ್ಕಿಲ್ಲ ಎಂದು ಅತ್ತೆಯದೊಂದು.

ಮೀನುಗಳು ಮೇಲೆ ಬಂದು ಬಾಯಿ ತೆರೆದು ಮುಚ್ಚತೊಡಗಿದವು. ಉಸಿರು ಸಾಲದ ಮೀನು ಮಾಡುವುದೇ ಹಾಗೆ. ಅದನ್ನು ಶಾಂತಮ್ಮ ಬೇರೆ ರೀತಿ ಅರ್ಥ ಮಾಡಿಕೊಂಡರು.

"ನೋಡ್ರಿ ಟೀಚರಮ್ಮ, ಬಾಯಿ ಬಿಟ್ಟ ಕೇಳ್ಲಿಕತ್ತಾವ. ಪಾಪ, ಮೂಕ ಪ್ರಾಣಿ. ಜರಾ ದವಾ ಹಾಕ್ರಿ."

"ದವಾ ಹೆಚ್ಚಾಗಿದ್ದಕ್ಕೇ ಹಂಗ ಮಾಡ್ಲಿಕತ್ತಾವ ಶಾಂತಮ್ಮ."

"ಹೆಚ್ಚಾಗಿದ್ರ ಯಾಕ ಕೇಳ್ತಾವ್ರಿ? ನಮ್ಮ ಹುಡುಗರು ಹೊಟ್ಟಿ ತುಂಬಿದ ಮ್ಯಾಲ ಕೇಳ್ತಾವೇನು?"

ದವಾ ಹಾಕಿದಷ್ಟೂ ಮೀನು ಬಾಯಿ ಬಿಡುತ್ತವೆ, ಬಾಯಿ ಬಿಟ್ಟಷ್ಟೂ ಇವರು ದವಾ ಹಾಕುತ್ತಾರೆ. ಹೀಗೆ ಮೂರು ಮೀನು ಹೋದವು. ಅತ್ತೆ ಅವನ್ನು ಹಿತ್ತಲಲ್ಲಿ ಹುಗಿದು ಬಂದು, "ನಮ್ಮ ಮಂದಿ ಹೊಳ್ಯಾಗ ಬಲಿ ಬೀಸಿ ಇಷ್ಟ ಸುಲಭ ಮೀನ ಹಿಡದಿದ್ದಿಲ್ಲ," ಎಂದರು. ವ್ಯಂಗ್ಯವೆಂದುಕೊಂಡೆ. ಕಣ್ಣು ನೋಡಿದರೆ ತೇವವಾಗಿದ್ದವು.

ಉಳಿದವು ಎರಡು. ಅವನ್ನಾದರೂ ಉಳಿಸಬೇಕೆಂದು ನಾನು ಹಟ ಹಿಡಿದೆ. ಮೀನಿನ ಮೇಲಿನ ಪ್ರೀತಿ ಅರ್ಧ, ಉಳಿದರ್ಧ ನನ್ನ ಮರ್ಯಾದೆ. ಅಳತೆ, ದ್ರಾವಣ, ಪ್ರಾಣವಾಯು ಎಂದು ಮೂರು ವರ್ಷ ಓದಿದವಳ ಮಾತು ಒಂದು ಗಾಜಿನ ಪೆಟ್ಟಿಗೆಯ ಮಟ್ಟಿಗಾದರೂ ನಡೆಯದಿದ್ದರೆ ಆ ಪದವಿಯನ್ನು ನಾನು ಎಲ್ಲಿ ತೂಗುಹಾಕಲಿ? ಬಾಟ್ಲಿ ಬಚ್ಚಿಟ್ಟೆ, ನಮ್ಮವರು ಹೈದರಾಬಾದಿನಿಂದ ಇನ್ನೊಂದು ತರಿಸಿದರು. ದೊಡ್ಡ ಅಕ್ಷರದಲ್ಲಿ ಕ್ರಮವನ್ನೆಲ್ಲ ಬರೆದು ಪೆಟ್ಟಿಗೆಗೆ ಅಂಟಿಸಿದೆ. ನಮ್ಮವರು ಅದರ ಮುಂದೆ ನಿಂತು ಪೂರ್ತಿ ಓದಿ, "ನಿನ್ನ ಅಕ್ಷರ ಭಾಳ ಛಂದ ಅದಾವ," ಎಂದು ಹೇಳಿ ಒಂದು ಮುಚ್ಚಳ ಹಾಕಿದರು.

ಅಂದು ನನಗೆ ತಡೆಯಲಾಗಲಿಲ್ಲ. ನೀರು ತೆಗೆದೆ, ಬಾವಿಯ ನೀರು ತರಿಸಿ ಹಾಕಿದೆ, ಆಮೇಲೆ ಮನೆಯವರನ್ನೂ ಶಾಂತಮ್ಮನನ್ನೂ ಎದುರು ನಿಲ್ಲಿಸಿ ತರಗತಿಯಲ್ಲಿ ಬೈಯುವಂತೆ ಬೈದೆ. ನಮ್ಮವರು ಗಡಿಯಾರ ನೋಡಿಕೊಂಡರು. ಶಾಂತಮ್ಮ ಒಲೆಯ ಮೇಲೆ ಹಾಲಿದೆ ಎಂದು ಹೋದರು. ಅತ್ತೆ ಒಬ್ಬರೇ ಉಳಿದು ಮೆಲ್ಲಗೆ ಕೇಳಿದರು:

"ಹಂಗಾದ್ರ ಯಾವಾಗ ಹಾಕ್ಬೇಕವ್ವ, ಒಂದ ಸಲ ಹೇಳು."

"ಶನಿವಾರ," ಎಂದೆ ಸಿಟ್ಟಿನಲ್ಲೇ. "ನೀರ ಬದಲಿ ಮಾಡೋ ದಿನ. ಶನಿವಾರ ಬಿಟ್ಟು ಯಾವ ದಿನಾನೂ ಬಾಟ್ಲಿ ಮುಟ್ಟಬಾರದು."

ಶನಿವಾರ ಎಂದದ್ದು ಯಾಕೆಂದರೆ ಅಂದು ನನಗೆ ಅರ್ಧ ದಿನದ ಶಾಲೆ. ಅತ್ತೆಗೆ ಆ ಕಾರಣ ಬೇಕಾಗಿರಲಿಲ್ಲ. ಅವರು ಮದುವೆಯಾದಾಗಿನಿಂದ ದೇವರ ಹೆಸರಿನಲ್ಲಿ ಶನಿವಾರದ ವಾರ ಹಿಡಿದವರು. ಅಂದು ಒಪ್ಪೊತ್ತು ಊಟ, ಮನೆಯಲ್ಲಿ ಮಾಂಸ ಮೀನು ಬೇಯುವುದಿಲ್ಲ. ಅವರ ಮುಖ ಹಗುರಾಯಿತು.

"ಶನಿವಾರನಾ? ಅದನ್ನ ಮೊದಲ ಹೇಳಬಾರದೇನು? ಇಷ್ಟ ದಿನ ಉಸಿರು, ಉಸಿರು ಅಂತ ಏನೇನೋ ಹೇಳ್ಲಿಕತ್ತಿದ್ದಿ."

ಅಂದಿನಿಂದ ಪೆಟ್ಟಿಗೆಯ ಮುಂದೆ ಪೊಲೀಸ್ ಠಾಣೆ ಕುಳಿತ ಹಾಗಾಯಿತು. ನಮ್ಮವರ ಕೈ ಬಾಟ್ಲಿಯ ಕಡೆ ಸರಿದರೆ ಅಡುಗೆಮನೆಯಿಂದಲೇ ದನಿ: "ಮಂಗಳವಾರ ಅದ, ಕೈ ತಗಿ." ಹೆಂಡತಿ ಬರೆದ ಚೀಟಿಯನ್ನು ಓದಿಯೂ ಕೇಳದ ಮನುಷ್ಯ ಬಿಸಿ ತಗುಲಿದವರ ಹಾಗೆ ಕೈ ತೆಗೆದರು. ಶಾಂತಮ್ಮನಿಗೂ ಸುದ್ದಿ ಮುಟ್ಟಿತು. ಅವರು ಈಗ ಮೀನು ಬಾಯಿ ತೆರೆದರೂ, "ಇನ್ನ ಎರಡ ದಿನ ತಡಕೊಳ್ರಿ," ಎಂದು ಮೀನಿಗೇ ಹೇಳಿ ಹೋಗುತ್ತಾರೆ. ಶನಿವಾರ ನಾನು ಶಾಲೆಯಿಂದ ಬರುವಷ್ಟರಲ್ಲಿ ಅತ್ತೆ ಸ್ನಾನ ಮಾಡಿ, ಬಕೆಟ್ಟಿನಲ್ಲಿ ನೀರು ಹಿಡಿದು, ನನ್ನ ಮುಚ್ಚಳಕ್ಕಾಗಿ ಕಾದಿರುತ್ತಾರೆ. ಅಳತೆ ಒಂದು ಹನಿ ಹೆಚ್ಚಿದರೂ ಅವರಿಗೆ ನಡೆಯುವುದಿಲ್ಲ. ಮೇಲಾಗಿ ಅಂದು ಮೀನನ್ನೂ ಉಪವಾಸ ಇಡುತ್ತಾರೆ. ದಿನಾ ಎಲ್ಲರೂ ಹಾಕುತ್ತಿದ್ದ ಅಕ್ಕಿ ನುಚ್ಚು, ರೊಟ್ಟಿ ಚೂರಿನಿಂದ ಕೆಟ್ಟಿದ್ದ ನೀರು ಇದರಿಂದ ತಿಳಿಯಾಗತೊಡಗಿತು ಎಂಬುದನ್ನು ನಾನು ಹೊಟ್ಟೆಕಿಚ್ಚಿನಿಂದಲೇ ಒಪ್ಪಬೇಕು.

ಮೀನು ಬದುಕಿದವು. ನಾನು ಸಂತೋಷ ಪಡಬೇಕಿತ್ತು, ಮೈ ಉರಿಯಿತು. ನನ್ನ ಮಾತು ನಡೆದಿತ್ತು, ಆದರೆ ನಾನು ಕೊಟ್ಟ ಕಾರಣಕ್ಕಲ್ಲ. ಕ್ಲೋರಿನ್ ಹೇಳಿದೆ, ಕಿವಿರು ಹೇಳಿದೆ, ಕಪ್ಪು ಹಲಗೆ ಇರಲಿಲ್ಲವೆಂದು ಚಿತ್ರ ಬರೆಯಲಿಲ್ಲ ಅಷ್ಟೇ. ಎಲ್ಲ ಬಿಟ್ಟು ನನ್ನ ಅರ್ಧ ದಿನದ ರಜೆಗೆ ಇವರು ತಲೆಬಾಗಿದರು. ಅದು ದೇವರ ವಾರವಲ್ಲ, ನನ್ನ ಶಾಲೆಯ ವೇಳಾಪಟ್ಟಿ ಎಂದು ಹೇಳಿಬಿಡಲೇ ಎಂದು ಎಷ್ಟೋ ಸಲ ಬಾಯಿ ತೆರೆದು, ಆ ಎರಡು ಮೀನನ್ನು ನೋಡಿ ಮುಚ್ಚಿಕೊಂಡಿದ್ದೇನೆ. ಬಾಯಿ ತೆರೆದು ಮುಚ್ಚುವುದನ್ನು ನಾನೂ ಅವುಗಳಿಂದ ಕಲಿತೆ.

ಮೊನ್ನೆ ಬೇಸಿಗೆಯ ಒಂದು ಮಧ್ಯಾಹ್ನ. ಶಾಲೆಗೆ ರಜೆ, ಅತ್ತೆ ಶಾಂತಮ್ಮನ ಮನೆಗೆ ಹಪ್ಪಳ ಮಾಡಲು ಹೋಗಿದ್ದರು. ನೀರು ಕಾದಿತ್ತು, ಮೀನೆರಡೂ ಮೇಲೆ ತೇಲಿ ಬಾಯಿ ಬಿಡುತ್ತಿದ್ದವು. ಒಂದು ಹುಚ್ಚು ಗಾಬರಿ. ಏನಾದರೂ ಮಾಡಬೇಕು, ಈಗಲೇ ಮಾಡಬೇಕು. ನೋಡುತ್ತೇನೆ, ಬಾಟ್ಲಿ ನನ್ನ ಕೈಯಲ್ಲಿದೆ, ಮುಚ್ಚಳ ತಿರುವಿ ಆಗಿದೆ. ಸ್ವಲ್ಪ ಹಾಕಿದರೆ ಏನಾದೀತು ಎಂದು ಬಿ.ಎಸ್ಸಿ. ಆದ ನನ್ನ ಮನಸ್ಸೇ ಹೇಳುತ್ತಿತ್ತು. ಅಷ್ಟರಲ್ಲಿ ಇನ್ನೊಂದು ಮಾತು ಅದಕ್ಕೆ ಅಡ್ಡ ಬಂತು: ಇವತ್ತು ಬುಧವಾರ.

ಕೈ ನಿಂತಿತು. ಕ್ಲೋರಿನ್, ಪ್ರಾಣವಾಯು ಎಲ್ಲ ಆಮೇಲೆ ಒಂದೊಂದಾಗಿ ನೆನಪಿಗೆ ಬಂದವು. ಬಾಟ್ಲಿ ಇಟ್ಟು, ಚೊಂಬಿನಿಂದ ಅದೇ ನೀರನ್ನು ಎತ್ತಿ ಎತ್ತರದಿಂದ ಸುರಿಯುತ್ತ, ಅದಕ್ಕೆ ಗಾಳಿ ಕುಡಿಸುತ್ತ ನಿಂತೆ. ಬಹಳ ಹೊತ್ತಿನ ಮೇಲೆ ಮೀನು ಕೆಳಗಿಳಿದವು.

ಅತ್ತೆ ಬಂದರು. ಮೊದಲು ಪೆಟ್ಟಿಗೆ ನೋಡಿದರು, ಆಮೇಲೆ ಬಾಟ್ಲಿ ನೋಡಿದರು.

"ಬಾಟ್ಲಿ ಯಾಕ ಜಾಗಾ ಬಿಟ್ಟ ಸರದದ?"

"ಧೂಳ ಒರಸ್ಲಿಕತ್ತಿದ್ದೆ ಅತ್ತಿ."

ಅವರು ಬಾಟ್ಲಿಯನ್ನು ಅದರ ಜಾಗಕ್ಕೆ ಸರಿಸಿಟ್ಟು, ನನ್ನನ್ನು ಒಂದು ಗಳಿಗೆ ನೋಡಿ, "ಒರಸು," ಎಂದರು. "ಒರಸ್ಲಿಕ್ಕ ವಾರ ಇಲ್ಲ."