ಠಾಣೆ ಸ್ಟೇಷನ್ನಿನಲ್ಲಿ ಕಳೆದುಹೋದ ಮಗು

ಕೊರೊನಾ ಮುಗಿದ ಮರುವರ್ಷ ನಾನು ಮುಂಬಯಿ ಪಕ್ಕದ ಠಾಣೆ ಊರಿನಲ್ಲಿದ್ದುಕೊಂಡು ನೆನಪಿನ ಬಗ್ಗೆ ಒಂದು ಪ್ರಾಯೋಗಿಕ ಡಾಕ್ಯುಮೆಂಟರಿ ಮಾಡುತ್ತಿದ್ದೆ. ಒಂದೇ ಘಟನೆಯನ್ನು ಒಂದು ಮನೆಯವರಿಂದ ಬೇರೆಬೇರೆಯಾಗಿ ಹೇಳಿಸುವುದು, ಎಡಿಟಿಂಗಿನಲ್ಲಿ ಒಬ್ಬರ ಮುಖದ ಮೇಲೆ ಇನ್ನೊಬ್ಬರ ದನಿ ಕೂರಿಸಿ ಎಲ್ಲಿ ಹೊಂದುತ್ತದೆ, ಎಲ್ಲಿ ಜಾರುತ್ತದೆ ಎಂದು ನೋಡುವುದು ನನ್ನ ಕ್ರಮ.

ಠಾಣೆಯ ನೌಪಾಡಾದಲ್ಲಿ ತಂದೆಯ ಹೋಟೆಲನ್ನು ನಡೆಸುತ್ತಿದ್ದ ಉಡುಪಿ ಕಡೆಯ ವಿದ್ಯಾ, ನವಿ ಮುಂಬಯಿಯ ನೆರೂಳದಲ್ಲಿದ್ದ ಅವರ ಅಣ್ಣ ರಮೇಶ ಇಬ್ಬರೂ ಒಪ್ಪಿದರು. ಬಾಲ್ಯದ ಮರೆಯಲಾಗದ ದಿನ ಯಾವುದು ಎಂದು ಮೊದಲು ರಮೇಶರನ್ನು ಕೇಳಿದೆ.

“ಠಾಣೆ ರೈಲ್ವೆ ಸ್ಟೇಷನ್ನಲ್ಲಿ ಅಮ್ಮನ ಕೈ ತಪ್ಪಿ ಕಳೆದುಹೋದೆ ಮ್ಯಾಡಂ. ಬ್ರಿಜ್ ಹತ್ರ ಮೊಸಂಬಿ ಮಾರುವ ಮರಾಠಿ ಹೆಂಗಸೊಬ್ಳು, ಮೌಶಿ, ಮಡಿಲಲ್ಲಿ ಕೂರಿಸಿಕೊಂಡ್ಳು. ವಿದ್ಯಾ ಅಮ್ಮನ ಜೊತೆಗೇ ಇದ್ಳು.”

ಮರುವಾರ ವಿದ್ಯಾ ಹೇಳಿದ್ದೂ ಅದೇ ಬ್ರಿಜ್, ಅದೇ ಮೌಶಿ, ಅದೇ ಮಡಿಲು. ಕಳೆದುಹೋದವರು ಮಾತ್ರ ವಿದ್ಯಾ; ಅಮ್ಮನ ಜೊತೆಗಿದ್ದವರು ರಮೇಶ!

ನಾನು ಹಿಗ್ಗಿದೆ. ಕಚ್ಚಾ ಎಡಿಟ್ ಮಾಡಿ ವಿದ್ಯಾರ ಮನೆಯಲ್ಲೇ ಇಬ್ಬರಿಗೂ ತೋರಿಸಿದೆ. ಮೊದಲು ನಕ್ಕರು. ಆಮೇಲೆ ರಮೇಶ, “ಅಪ್ಪ ಎಷ್ಟು ಸಲ ಹೇಳಿದ್ದಾರೆ, ಮಗು ಕಳೆದುಹೋಗಿತ್ತು ಅಂತ. ಆ ಮಗು ನಾನು” ಎಂದರು.

“ಸಣ್ಣದಿರುವಾಗ ಎಲ್ಲ ನಿನಗೇ ಆಗ್ಬೇಕಿತ್ತು. ಈಗ ನನ್ನ ನೆನಪೂ ಬೇಕಾ?” ಎಂದರು ವಿದ್ಯಾ.

ರಮೇಶ ಕಾಫಿ ಬಿಟ್ಟು ಎದ್ದುಹೋದರು. ಮರುದಿನ ನನಗೆ ಫೋನು: “ನನ್ನ ಭಾಗ ತೆಗೆದುಬಿಡಿ.” ತಂಗಿಯ ಫೋನನ್ನೂ ಅವರು ಎತ್ತುತ್ತಿರಲಿಲ್ಲ. ಚಿತ್ರ ನಿಂತಿತು. ನನ್ನಿಂದಾಗಿ ಒಂದು ಮನೆ ಮುರಿಯಿತೇ ಎಂಬ ಅಳುಕು ಬೇರೆ.

ಅವರ ತಾಯಿ ಸರೋಜಮ್ಮ ಎಡಿಟ್ ತೋರಿಸಿದ ದಿನ ಅಲ್ಲೇ ಇದ್ದರೂ ಬಾಯಿ ಬಿಟ್ಟಿರಲಿಲ್ಲ. ಅದೇ ನನ್ನನ್ನು ಕಾಡತೊಡಗಿತು. ಒಂದು ಮಧ್ಯಾಹ್ನ ಹೋಗಿ ಕ್ಯಾಮೆರಾ ಇಟ್ಟು ಕೇಳಿದೆ: “ಅಮ್ಮಾ, ಅವತ್ತು ಕಳೆದುಹೋದದ್ದು ಯಾರು?”

“ನಾನು” ಎಂದರು.

ಆಗ ಅವರು ಊರಿನಿಂದ ಹೊಸದಾಗಿ ಬಂದಿದ್ದರು. ಹಿಂದಿ, ಮರಾಠಿ ಎರಡೂ ಬಾರದು. ಗಂಡನ ಹೋಟೆಲಿಗೆ ಹೋಗಲು ಸ್ಟೇಷನ್ನಿನ ಪಶ್ಚಿಮದ ಕಡೆ ಇಳಿಯುವ ಬದಲು ಪೂರ್ವಕ್ಕೆ ಇಳಿದು ದಿಕ್ಕು ತಪ್ಪಿದರು. “ಎರಡು ಮಕ್ಕಳೂ ನನ್ನ ಕೈಯಲ್ಲೇ ಇದ್ರು ಮಾರಾಯ್ತಿ. ಅಳ್ತಾ ಕೂತವಳು ನಾನು. ಆ ಮೌಶಿ ಮಕ್ಕಳನ್ನು ಇಬ್ರನ್ನೂ ಮಡಿಲಿಗೆ ಹಾಕಿಕೊಂಡು ಮೊಸಂಬಿ ಸುಲಿದುಕೊಟ್ಳು. ಮತ್ತೆ ಬ್ರಿಜ್ ದಾಟಿಸಿದ್ಳು.”

“ಹಾಗಾದರೆ ಮಗು ಕಳೆದುಹೋಗಿತ್ತು ಅಂತ ಮಕ್ಕಳ ಅಪ್ಪ ಹೇಳ್ತಿದ್ದದ್ದು?”

“ಇವರಿಗೆ ಹಾಗೆ ಹೇಳಿದೆ. ನಾನೇ ಕಳೆದುಹೋದೆ ಅಂದ್ರೆ ಮತ್ತೆ ಒಬ್ಳನ್ನೇ ಹೊರಗೆ ಬಿಡ್ತಿದ್ರಾ? ಯಾವ ಮಗು ಅಂತ ಅವರೂ ಕೇಳ್ಲಿಲ್ಲ, ನಾನೂ ಹೇಳ್ಲಿಲ್ಲ.”

ಇದನ್ನು ಚಿತ್ರದಲ್ಲಿ ಹಾಕಬಹುದೇ ಎಂದೆ. “ಮೊದಲು ಮಕ್ಕಳಿಗೆ ತೋರಿಸು” ಎಂದರು.

ಸರೋಜಮ್ಮನೇ ಫೋನು ಮಾಡಿ ಕರೆದದ್ದರಿಂದ ರಮೇಶ ಬಂದರು. ಟಿವಿಯಲ್ಲಿ ಅಮ್ಮನ ಮಾತು ಮುಗಿದ ಮೇಲೂ ಅದನ್ನೇ ನೋಡುತ್ತಿದ್ದರು. “ಆದ್ರೂ ಆ ಮಡಿಲು ನನಗೆ ನೆನಪಿದೆ” ಎಂದರು ಕೊನೆಗೆ.

“ನನಗೂ ಇದೆ ಅಣ್ಣ. ಇಬ್ರೂ ಇದ್ದೆವಲ್ಲ” ಎಂದು ವಿದ್ಯಾ ಅವರ ಪಕ್ಕಕ್ಕೆ ಸರಿದು ಕೂತರು.

ಮೂರು ಕಥೆಗಳನ್ನೂ ಹೇಳಿದಂತೆಯೇ ಚಿತ್ರದಲ್ಲಿ ಉಳಿಸಿಕೊಂಡೆ. ಅಣ್ಣ, ತಂಗಿ ಯಾರೂ ಸುಳ್ಳು ಹೇಳಿರಲಿಲ್ಲ. ಕೇಳಿಸಿಕೊಂಡದ್ದನ್ನು ಕಂಡದ್ದರ ಜೊತೆ ಹೊಲಿದುಕೊಂಡಿದ್ದರು, ಅಷ್ಟೆ. ಈಗ ನಾನು ಯಾವ ಮನೆಗೆ ಹೋದರೂ ಮೊದಲ ಮೈಕ್ ಹಾಕುವುದು, ಸರೋಜಮ್ಮನ ಹಾಗೆ ಬದಿಗೆ ಕೂತು, “ಅಯ್ಯೋ, ನನ್ನದೆಂತ ಉಂಟು ಹೇಳ್ಲಿಕ್ಕೆ?” ಎನ್ನುವವರಿಗೆ.